ಬೂದಿದಿಬ್ಬದ ಜನ

ಒಂದು ಜನಾಂಗವನ್ನು ಊಹಿಸಿಕೊಳ್ಳೋಣ. ಅವರ ಅನ್ನ, ಆಸ್ತಿ, ಹಬ್ಬ, ಕಲೆ ಎಲ್ಲವೂ ಒಂದೇ ಒಂದು ಅಂಗವನ್ನು ಆಶ್ರಯಿಸಿವೆ. ಆ ಅಂಗ ಅವರ ದೇಹದ್ದಲ್ಲ, ಬೇರೊಂದು ಪ್ರಾಣಿಯದು. ಆ ಪ್ರಾಣಿಗೂ ಅದು ಪೂರ್ತಿ ಸ್ವಂತವಲ್ಲ. ಅದರೊಳಗೆ ಕಣ್ಣಿಗೆ ಕಾಣದ ಅಸಂಖ್ಯ ಜೀವಿಗಳು ಬಿಡಾರ ಹೂಡಿವೆ. ಇದು ಅನ್ಯಗ್ರಹದ ಕಥೆ ಬರೆಯುವವರ ಕಲ್ಪನೆಯೆಂದು ತೋರಬಹುದು. ಆದರೆ ಇಂಥ ಜನ ನಮ್ಮ ಕೃಷ್ಣಾ–ತುಂಗಭದ್ರಾ ಸೀಮೆಯಲ್ಲಿಯೇ ಬಾಳಿಹೋಗಿದ್ದಾರೆ. ಆ ಪ್ರಾಣಿ ದನ; ಆ ಅಂಗ ದನದ ಹೊಟ್ಟೆ.

ಹುಲ್ಲಿನ ನಾರನ್ನು ಅರಗಿಸುವ ಶಕ್ತಿ ಮನುಷ್ಯನಿಗಿಲ್ಲವೆಂಬುದನ್ನು ಎಲ್ಲರೂ ಬಲ್ಲರು. ಆ ಶಕ್ತಿ ದನಕ್ಕೂ ಇಲ್ಲವೆಂಬುದನ್ನು ಬಲ್ಲವರು ಕಡಿಮೆ. ದನದ ಹೊಟ್ಟೆಯ ನಾಲ್ಕು ಭಾಗಗಳಲ್ಲಿ ಮೊದಲನೆಯದು ನೂರು ಲೀಟರಿಗೂ ಮಿಕ್ಕಿ ಹಿಡಿಯುವ ದೊಡ್ಡ ಚೀಲ. ಅದರ ರಸದ ಒಂದೊಂದು ಹನಿಯಲ್ಲಿಯೂ ಕೋಟಿಗಟ್ಟಲೆ ಬ್ಯಾಕ್ಟೀರಿಯಗಳಿವೆ; ಜೊತೆಗೆ ಏಕಕೋಶ ಜೀವಿಗಳೂ ಶಿಲೀಂಧ್ರಗಳೂ ಇವೆ. ಮೇವನ್ನು ಹುದುಗಿಸಿ ದನಕ್ಕೆ ಬಲ ಕೊಡುವ ಆಮ್ಲಗಳನ್ನಾಗಿ ಮಾಡುವವರು ಇವರೇ. ಕೊನೆಗೆ ಈ ಜೀವಿಗಳೂ ಮುಂದಿನ ಭಾಗಕ್ಕೆ ಸಾಗಿ ದನಕ್ಕೆ ಆಹಾರವಾಗುತ್ತವೆ. ದನ ಅವುಗಳಿಗೆ ಬಿಸುಪನ್ನೂ, ಗಾಳಿಯಾಡದ ಆಸರೆಯನ್ನೂ, ಎಡೆಬಿಡದ ಮೇವನ್ನೂ ಕೊಡುತ್ತದೆ. ಕರು ಈ ಬಳಗವನ್ನು ಹುಟ್ಟುವಾಗ ತರುವುದಿಲ್ಲ. ತಾಯಿಯಿಂದಲೂ ಸುತ್ತಲಿನ ಮಂದೆಯಿಂದಲೂ ಪಡೆಯುತ್ತದೆ. 1843ರಲ್ಲಿ ಫ್ರಾನ್ಸಿನ ಗ್ರೂಬಿ ಮತ್ತು ಡೆಲಫಾನ್ ಎಂಬ ವಿದ್ವಾಂಸರು ಈ ಏಕಕೋಶ ಜೀವಿಗಳನ್ನು ಮೊದಲು ವರ್ಣಿಸುವವರೆಗೆ ಮಂದೆ ಮೇಯಿಸಿದ ಯಾರಿಗೂ ಇದರ ಗುಟ್ಟು ತಿಳಿದಿರಲಿಲ್ಲ.

ಈಗ ಬಳ್ಳಾರಿ, ರಾಯಚೂರು ಸೀಮೆಗೆ ಬರೋಣ. ಮಳೆ ಕಡಿಮೆ, ಬಂಡೆ ಹೆಚ್ಚು. ಕ್ರಿ.ಪೂ. 3000ದ ಸುಮಾರಿಗೆ ಇಲ್ಲಿ ನೆಲೆಸಿದವರ ಕೈಯಲ್ಲಿ ಉಜ್ಜಿ ನಯಗೊಳಿಸಿದ ಕಲ್ಲಿನ ಕೊಡಲಿಗಳಿದ್ದವು. ಹುರಳಿ, ಹೆಸರು, ಕೊರಲೆಗಳನ್ನು ಅವರು ಬೆಳೆಯಬಲ್ಲವರಾದರು. ಆದರೆ ಅವರ ನಿಜವಾದ ಬಂಡವಾಳ ಮಂದೆಯಾಗಿತ್ತು. ಮನುಷ್ಯನಿಗೆ ನಿರುಪಯುಕ್ತವಾದ ಒಣಹುಲ್ಲನ್ನು ಬಾಳಿನ ಆಧಾರವಾಗಿ ಮಾರ್ಪಡಿಸುವ ಯಂತ್ರ ಆ ಮಂದೆಯ ಹೊಟ್ಟೆಯಲ್ಲಿತ್ತು.

ಅವರು ಶಾಸನ ಬರೆಸಲಿಲ್ಲ, ಕೋಟೆ ಕಟ್ಟಲಿಲ್ಲ. ಅವರು ಬಿಟ್ಟುಹೋದದ್ದು ಬೂದಿ. ದಖ್ಖನ್ನಿನ ದಕ್ಷಿಣ ಭಾಗದಲ್ಲಿ ಇಂಥ ನೂರಕ್ಕೂ ಹೆಚ್ಚು ದಿಬ್ಬಗಳು ಪತ್ತೆಯಾಗಿವೆ. ಕೆಲವೆಡೆ ಬೂದಿ ಉರಿಯ ತಾಪಕ್ಕೆ ಕರಗಿ ಗಾಜಿನಂತೆ ಗಟ್ಟಿಯಾಗಿದೆ. ಹಂಪೆಯ ಬಳಿಯ ನಿಂಬಾಪುರದ ದಿಬ್ಬವನ್ನು ಜನ ವಾಲಿಯ ಚಿತಾಭಸ್ಮವೆಂದರು. ಪಂಡಿತರೂ ಹಿಂದೆ ಬೀಳಲಿಲ್ಲ: ಕೆಲವರು ಜ್ವಾಲಾಮುಖಿಯೆಂದರು, ಕೆಲವರು ಲೋಹ ಕರಗಿಸಿದ ಕಿಟ್ಟವೆಂದರು. ಇದು ದನದ ಸಗಣಿಯ ಬೂದಿಯೆಂದು 19ನೆಯ ಶತಮಾನದಲ್ಲಿಯೇ ಊಹಿಸಿದವನು ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್. ಮುಂದೆ ಜ್ಯೂನರ್ ನಡೆಸಿದ ಪರೀಕ್ಷೆಗಳು ಅದನ್ನು ಸಮರ್ಥಿಸಿದವು. 1957ರಲ್ಲಿ ಆಲ್ಚಿನ್ ಇಂದಿನ ತೆಲಂಗಾಣದ ಉತ್ನೂರಿನಲ್ಲಿ ಅಗೆದಾಗ ದೊಡ್ಡಿಯ ಸುತ್ತ ನೆಟ್ಟಿದ್ದ ಮರದ ಕಂಬಗಳ ಗುಳಿಗಳು ದೊರೆತವು. ಬೂದಿಯ ಪದರದಲ್ಲಿ ದನಗಳ ಗೊರಸಿನ ಗುರುತುಗಳು ಹಾಗೆಯೇ ಉಳಿದಿದ್ದವು! ನಾಲ್ಕು ಸಾವಿರ ವರ್ಷಗಳ ಹಿಂದೆ ಮಂದೆಯೊಂದು ತುಳಿದು ಹೋದ ಹೆಜ್ಜೆ ಅದು. ಆಮೇಲೆ ಸುರಪುರ ಸೀಮೆಯ ಬೂದಿಹಾಳದಲ್ಲಿ ಕೆ. ಪದ್ದಯ್ಯನವರು ನಡೆಸಿದ ಉತ್ಖನನ, ದೊಡ್ಡಿಯ ಮಗ್ಗುಲಲ್ಲಿಯೇ ಜನವಸತಿ ಇದ್ದುದನ್ನು ತೋರಿಸಿತು.

ಇಷ್ಟು ಸಗಣಿಯನ್ನು ಒಟ್ಟಿ ಸುಟ್ಟದ್ದೇಕೆ? ಈ ಬಗ್ಗೆ ವಿದ್ವಾಂಸರಲ್ಲಿ ಒಮ್ಮತವಿಲ್ಲ. ದೊಡ್ಡಿಯನ್ನು ಶುಚಿಗೊಳಿಸುವ ರೂಢಿಯಿರಬಹುದು. ಆಲ್ಚಿನ್ನರಿಗೆ ಇದು ಋತುವಿನ ಹಬ್ಬವೆಂದು ತೋರಿತು. ಸಂಕ್ರಾಂತಿಯ ಸಂಜೆ ಮೈಸೂರು, ಮಂಡ್ಯದ ಊರುಗಳಲ್ಲಿ ದನಗಳನ್ನು ಸಿಂಗರಿಸಿ ಕಿಚ್ಚು ಹಾಯಿಸುವುದನ್ನು ಕಂಡವರಿಗೆ ಆ ಮಾತು ಥಟ್ಟನೆ ಮನಸ್ಸಿಗೆ ಹಿಡಿಯುತ್ತದೆ. ನೇರವಾದ ನಂಟನ್ನು ಸಾಧಿಸಿ ತೋರಿಸುವುದು ಕಷ್ಟ. ಆದರೂ ಬಳ್ಳಾರಿಯ ಬಳಿ ಕುಪ್ಪಗಲ್ಲಿನ ಬಂಡೆಗಳ ಮೇಲೆ ಮತ್ತೆ ಮತ್ತೆ ಕುಟ್ಟಿ ಮೂಡಿಸಿದ ಉದ್ದ ಕೊಂಬಿನ, ಹಿಣಿಲಿನ ಎತ್ತುಗಳನ್ನು ನೋಡಿದರೆ, ಅವರಿಗೆ ದನ ಬರಿಯ ಆಹಾರವಾಗಿರಲಿಲ್ಲವೆಂಬುದರಲ್ಲಿ ಸಂದೇಹವುಳಿಯದು.

ಅದೇ ಕಾಲಕ್ಕೆ ಸಿಂಧೂ ತೀರದಲ್ಲಿ ಇಟ್ಟಿಗೆಯ ನಗರಗಳಿದ್ದವು. ನಾಗರಿಕತೆಯೆಂದರೆ ನಮಗೆ ನೆನಪಾಗುವುದು ಆ ಇಟ್ಟಿಗೆ, ಬೂದಿಯಲ್ಲ. ಇಟ್ಟಿಗೆ ಮನುಷ್ಯನ ಕೈಯ ಸಾಧನೆಯನ್ನು ಹೇಳುತ್ತದೆ. ಬೂದಿ ಹೇಳುವುದು ಬೇರೆ: ಮನುಷ್ಯ ದನವನ್ನು ಕಾಯ್ದ, ದನ ಜೀವಾಣುವನ್ನು ಸಾಕಿತು, ಜೀವಾಣು ಇಬ್ಬರನ್ನೂ ಪೊರೆಯಿತು. ತಾನೊಬ್ಬನೇ ಕಟ್ಟಿದೆನೆಂದು ಹೇಳಿಕೊಳ್ಳುವ ಹಕ್ಕು ಇಲ್ಲಿ ಯಾರಿಗೂ ಇಲ್ಲ.

ಈ ದಾಖಲೆ ಬಹುಕಾಲ ಉಳಿಯುವ ಭರವಸೆಯಿಲ್ಲ. ಗೊಬ್ಬರಕ್ಕೆಂದು, ರಸ್ತೆಗೆಂದು, ಹೊಲ ವಿಸ್ತರಿಸಲೆಂದು ಅನೇಕ ದಿಬ್ಬಗಳನ್ನು ಅಗೆದು ಸಾಗಿಸಿದ್ದಾರೆ. ಹೊಲಕ್ಕೆ ಬೂದಿ ಹಾಕುವ ರೈತನನ್ನು ದೂಷಿಸಲಾಗದು. ಅವನ ಕಣ್ಣಿಗೆ ಅದು ಬೂದಿಯೇ. ಅದು ಏನೆಂದು ಅವನಿಗೆ ತಿಳಿಸಬೇಕಾದವರು ಓದುಬರಹ ಬಲ್ಲ ನಾವು. ಬೂದಿಹಾಳ ಎಂಬ ಹೆಸರು ಊರವರ ಬಾಯಲ್ಲಿ ಇನ್ನೂ ಉಳಿದಿದೆ. ಹೆಸರಿನ ಜೊತೆಗೆ ಬೂದಿಯೂ ಉಳಿಯಲಿ.