ನೀರ್ ಸಾಬ್ ತೋಡಿದ ಎರಡನೆಯ ಬಾವಿ

ನಮ್ಮ ಹಳ್ಳಿಗಳಲ್ಲಿ 'ಸಾಬ್ರು' ಎನ್ನುವ ಮಾತಿಗೆ ಒಂದೇ ಅರ್ಥವಿಲ್ಲ. ಗೌರವದಿಂದ ಕರೆಯುವವರಿದ್ದಾರೆ, ಸಲುಗೆಯಿಂದ ಕರೆಯುವವರಿದ್ದಾರೆ. ದನಿ ಸ್ವಲ್ಪ ಬದಲಾದರೆ ಅದೇ ಮಾತು ಚುಚ್ಚುವುದೂ ಉಂಟು. ಅರಬ್ಬಿಯ 'ಸಾಹಿಬ್' ಎಂಬುದಕ್ಕೆ ಜೊತೆಗಾರ ಎಂಬುದೇ ಮೊದಲ ಅರ್ಥ, ಒಡೆಯ ಎಂಬ ಅರ್ಥ ಆಮೇಲಿನದು ಎಂದು ಉರ್ದು ಶಾಲೆಯಲ್ಲಿ ನಮ್ಮ ಮೇಷ್ಟ್ರು ಹೇಳಿಕೊಟ್ಟಿದ್ದರು. ಆ ಮೊದಲ ಅರ್ಥ ನನಗೆ ನಿಜವಾಗಿ ಮನಸ್ಸಿಗೆ ಇಳಿದದ್ದು ಪಾಠದಿಂದಲ್ಲ, ಒಂದು ಅಡ್ಡಹೆಸರಿನಿಂದ. ಅಬ್ದುಲ್ ನಜೀರ್ ಸಾಬ್ ಎಂಬ ಮಂತ್ರಿಯ ಹೆಸರಿನಿಂದ ಒಂದು ಅಕ್ಷರ ಕಳಚಿ ಜನ ಅವರನ್ನು 'ನೀರ್ ಸಾಬ್' ಎಂದು ಕರೆದರು. ನೀರಿನ ಜೊತೆಗಾರ! ಸರಕಾರ ಕೊಡುವ ಯಾವ ಪ್ರಶಸ್ತಿಗೂ ಇಷ್ಟು ತೂಕವಿರಲಾರದು.

ನಜೀರ್ ಸಾಬ್ ಗುಂಡ್ಲುಪೇಟೆಯವರು. ಆಗ ಅದು ಮೈಸೂರು ಜಿಲ್ಲೆಯಲ್ಲಿತ್ತು. 1997ರಲ್ಲಿ ಚಾಮರಾಜನಗರ ಜಿಲ್ಲೆಗೆ ಸೇರಿತು. 1983ರ ಜನವರಿಯಲ್ಲಿ ರಾಮಕೃಷ್ಣ ಹೆಗಡೆಯವರ ನೇತೃತ್ವದಲ್ಲಿ ಕರ್ನಾಟಕದ ಮೊದಲ ಕಾಂಗ್ರೆಸ್ಸೇತರ ಸರಕಾರ ಬಂತು. ಅದರಲ್ಲಿ ನಜೀರ್ ಸಾಬರು ಗ್ರಾಮೀಣಾಭಿವೃದ್ಧಿ ಮತ್ತು ಪಂಚಾಯತ್ ರಾಜ್ ಖಾತೆ ವಹಿಸಿಕೊಂಡರು. ಕಂದಾಯ, ಲೋಕೋಪಯೋಗಿ, ನೀರಾವರಿಗಳಿಗೆ ಪೈಪೋಟಿ ನಡೆಯುವ ವಿಧಾನಸೌಧದಲ್ಲಿ ಅದು ಯಾರೂ ಹಟ ಹಿಡಿದು ಕೇಳುವ ಖಾತೆಯಾಗಿರಲಿಲ್ಲ. ಆ ಖಾತೆಯಿಂದ ಏನು ಮಾಡಬಹುದು ಎಂಬುದನ್ನು ತೋರಿಸಿದವರು ಅವರೇ.

ಅವು ಬರದ ವರ್ಷಗಳು. ಕೋಲಾರ, ತುಮಕೂರು, ಚಿತ್ರದುರ್ಗದಿಂದ ಹಿಡಿದು ಬಿಜಾಪುರ, ರಾಯಚೂರಿನವರೆಗೆ ಬಯಲುಸೀಮೆಯ ಕೆರೆಗಳು ಬಿರುಕು ಬಿಟ್ಟಿದ್ದವು, ತೆರೆದ ಬಾವಿಗಳ ತಳ ಕಾಣುತ್ತಿತ್ತು. ನಮ್ಮದು ಗಟ್ಟಿ ಬಂಡೆಯ ನಾಡು. ಗುದ್ದಲಿ, ಹಾರೆಗಳಿಂದ ಎಟುಕುವಷ್ಟು ಆಳದಲ್ಲಿ ನೀರಿಲ್ಲದಾಗ ಬಂಡೆಯ ಸೀಳುಗಳಲ್ಲಿ ಅಡಗಿರುವ ನೀರನ್ನು ಯಂತ್ರದಿಂದಲೇ ಹುಡುಕಬೇಕು. ನಜೀರ್ ಸಾಬರು ರಿಗ್ ಯಂತ್ರಗಳನ್ನು ಹಳ್ಳಿಯಿಂದ ಹಳ್ಳಿಗೆ ಓಡಿಸಿದರು. ಕೊರೆದ ಬಾವಿಯ ಮೇಲೆ 'ಇಂಡಿಯಾ ಮಾರ್ಕ್ 2' ಎಂಬ ಕೈಪಂಪು ಕೂತಿತು. 1970ರ ದಶಕದಲ್ಲಿ ರೂಪುಗೊಂಡ ಈ ಪಂಪಿಗೆ ವಿದ್ಯುತ್ ಬೇಡ, ಎಣ್ಣೆ ಬೇಡ, ತೋಳಿನ ಬಲ ಸಾಕು. 250 ಜನಕ್ಕೆ ಒಂದು ಕೊಳವೆ ಬಾವಿ ಎಂಬುದು ಲೆಕ್ಕ.

ಈ ಲೆಕ್ಕವನ್ನು ನಾವು ಸ್ವಲ್ಪ ನಿಂತು ನೋಡಬೇಕು. ಅಲ್ಲಿಯವರೆಗೆ ಊರ ಬಾವಿ ಯಾರದು ಎಂಬುದನ್ನು ಜಾತಿ ತೀರ್ಮಾನಿಸುತ್ತಿತ್ತು. ದಲಿತರ ಹೆಂಗಸರು ಬಾವಿಕಟ್ಟೆಯಿಂದ ದೂರ ನಿಂತು, ಯಾರಾದರೂ ಕರುಣೆಯಿಂದ ಎತ್ತಿ ಹೊಯ್ಯಲಿ ಎಂದು ಕಾಯುತ್ತಿದ್ದರು. ತಲೆ ಎಣಿಸಿ ಬಾವಿ ಕೊರೆಯುವ ಲೆಕ್ಕ ಜಾತಿಯನ್ನು ಕೇಳುವುದಿಲ್ಲ. ಕೈಪಂಪಿನ ಸುತ್ತಲೂ ಜಾತಿ ಮತ್ತೆ ಗೆರೆ ಎಳೆದ ಊರುಗಳಿವೆ, ನಿಜ. ಆದರೂ ಕೇರಿಯೊಳಗೇ ಪಂಪು ಬಂದ ಕಡೆ ಅಲ್ಲಿನ ತಾಯಂದಿರಿಗೆ ಬೇರೆಯವರ ಮುಖ ನೋಡುವುದು ತಪ್ಪಿತು. ನೀರಿನ ಜೊತೆಗೆ ಮಾನವೂ ಬಂತು.

ನಮ್ಮ ಓಣಿಯಲ್ಲೂ ಒಂದು ಬೋರಿಂಗು ಇತ್ತು. ನಸುಕಿನಲ್ಲೇ ಅದರ 'ಕಿರ್ರ್, ಕಿರ್ರ್' ಶುರುವಾಗುತ್ತಿತ್ತು. ಪಂಪಿನ ಹಿಡಿಗೆ ಜೋತುಬಿದ್ದು ಮೇಲಕ್ಕೂ ಕೆಳಕ್ಕೂ ಹೋಗುವುದು ಹುಡುಗರಾದ ನಮಗೆ ಆಟ, ಅಮ್ಮಂದಿರಿಗೆ ಬೈಗುಳಕ್ಕೆ ನೆಪ. ಒಮ್ಮೆ ಅದು ಕೆಟ್ಟು ನಿಂತಿತು. ಒಳಗಿನ ವಾಷರ್ ಸವೆದಿತ್ತಂತೆ. ಅಂಗೈಯಷ್ಟು ವಸ್ತು, ಆದರೆ ಅದಿಲ್ಲದೆ ಇಡೀ ಓಣಿಗೆ ನೀರಿಲ್ಲ. ಹಿಂದೆ ಆಗಿದ್ದರೆ ತಾಲ್ಲೂಕು ಕಚೇರಿಗೆ ಅರ್ಜಿ ಬರೆದು, ಬಸ್ಸು ಹತ್ತಿ, ಸಾಹೇಬರು ಸಿಗುವವರೆಗೆ ಕಾಯಬೇಕಿತ್ತು. ಈ ಸಲ ಓಣಿಯ ಹೆಂಗಸರು, ಬುರ್ಖಾ ತೊಟ್ಟವರೂ ಸೆರಗು ಹೊದ್ದವರೂ ಸೇರಿ, ನಡೆದೇ ಹೋಗಬಹುದಾದ ಮಂಡಲ ಪಂಚಾಯತಿ ಮುಂದೆ ಖಾಲಿ ಕೊಡಗಳನ್ನು ಇಟ್ಟು ಕೂತರು. ಪಂಪು ರಿಪೇರಿಯಾಯಿತು. ನನ್ನ ತಾಯಿ ಒಂದು ಸರಕಾರಿ ಕಚೇರಿಯ ಮೆಟ್ಟಿಲು ಹತ್ತಿದ್ದು ಅದೇ ಮೊದಲು.

ಆ ಮಂಡಲ ಪಂಚಾಯತಿಯೇ ನಜೀರ್ ಸಾಬರು ತೋಡಿದ ಎರಡನೆಯ ಬಾವಿ. ಮೊದಲನೆಯದು ಜನರ ನೆನಪಿನಲ್ಲಿ ಉಳಿಯಿತು, ಎರಡನೆಯದು ಅಷ್ಟಾಗಿ ಉಳಿಯಲಿಲ್ಲ.

ಕರ್ನಾಟಕದಲ್ಲಿ ಪಂಚಾಯತಿಗಳು ಮೊದಲೇ ಇರಲಿಲ್ಲವೇ? ಇದ್ದವು. 1959ರ ಕಾಯಿದೆಯಡಿ ಗ್ರಾಮ ಪಂಚಾಯತಿ, ತಾಲ್ಲೂಕು ಬೋರ್ಡು, ಜಿಲ್ಲಾ ಅಭಿವೃದ್ಧಿ ಮಂಡಳಿ ಎಂಬ ಏರ್ಪಾಡಿತ್ತು. ಆದರೆ ಜಿಲ್ಲಾ ಮಟ್ಟದಲ್ಲಿ ಜಿಲ್ಲಾಧಿಕಾರಿಯೇ ಮುಖ್ಯಸ್ಥ, ಮಂಡಳಿ ಕೇವಲ ಸಲಹೆ ಕೊಡುವಂಥದ್ದು. ಗ್ರಾಮ ಪಂಚಾಯತಿಯ ಕೈಯಲ್ಲಿ ಬೀದಿದೀಪ, ಚರಂಡಿಗೂ ಸಾಲದ ದುಡ್ಡು. 1978ರಲ್ಲಿ ಅಶೋಕ್ ಮೆಹ್ತಾ ಸಮಿತಿ ಬೇರೆ ದಾರಿ ತೋರಿಸಿತು: ಕೆಳಗೆ ಕೆಲವು ಹಳ್ಳಿಗಳನ್ನು ಕೂಡಿಸಿದ ಮಂಡಲ, ಮೇಲೆ ಬಲವಾದ ಜಿಲ್ಲಾ ಪರಿಷತ್ತು. ಹೆಗಡೆ ಮತ್ತು ನಜೀರ್ ಸಾಬ್ ಆ ದಾರಿಯನ್ನು ಹಿಡಿದರು.

1983ರಲ್ಲಿ ಕಾಯಿದೆ ಸಿದ್ಧವಾಯಿತು. ರಾಷ್ಟ್ರಪತಿಗಳ ಅಂಕಿತ ಬಿದ್ದದ್ದು 1985ರಲ್ಲಿ. 1987ರ ಜನವರಿಯಲ್ಲಿ ಚುನಾವಣೆ ನಡೆಯಿತು. 19 ಜಿಲ್ಲಾ ಪರಿಷತ್ತುಗಳು, ಎರಡೂವರೆ ಸಾವಿರ ಮಂಡಲ ಪಂಚಾಯತಿಗಳು, ಐವತ್ತು ಸಾವಿರಕ್ಕೂ ಹೆಚ್ಚು ಸದಸ್ಯರು. ಮಹಿಳೆಯರಿಗೆ ಶೇಕಡಾ 25 ಸ್ಥಾನ, ಪರಿಶಿಷ್ಟರಿಗೆ ಕನಿಷ್ಠ ಶೇಕಡಾ 18. ದೇಶದ ಸಂವಿಧಾನ ಈ ಮಾತನ್ನು ಆಡುವುದಕ್ಕೆ ಇನ್ನೂ ಐದಾರು ವರ್ಷ ಬಾಕಿ ಇತ್ತು.

ಜಿಲ್ಲಾ ಪರಿಷತ್ತಿನ ಅಧ್ಯಕ್ಷರಿಗೆ ರಾಜ್ಯ ಸಚಿವರ ಸ್ಥಾನಮಾನ ಸಿಕ್ಕಿತು. ಅವರ ಕೈಕೆಳಗೆ ಮುಖ್ಯ ಕಾರ್ಯದರ್ಶಿ ಎಂದು ಜಿಲ್ಲಾಧಿಕಾರಿಗಿಂತ ಹಿರಿಯ ಅಧಿಕಾರಿಯನ್ನು ಕೂರಿಸಿದರು. ಶಾಲೆ, ಆಸ್ಪತ್ರೆ, ಕುಡಿಯುವ ನೀರು, ಕೃಷಿ ಮುಂತಾದ ಇಲಾಖೆಗಳ ಜಿಲ್ಲಾ ಮಟ್ಟದ ಕೆಲಸ ಮತ್ತು ಹಣ ಅಲ್ಲಿಗೆ ಹೋಯಿತು. ಬ್ರಿಟಿಷರ ಕಾಲದಿಂದ ಜಿಲ್ಲೆಯ ದೊರೆಯಾಗಿದ್ದ ಕಲೆಕ್ಟರನ ಕುರ್ಚಿ ಮೊದಲ ಸಲ ಸ್ವಲ್ಪ ಪಕ್ಕಕ್ಕೆ ಸರಿಯಿತು. ಕೆಲವು ಪರಿಷತ್ತುಗಳು ವಿರೋಧ ಪಕ್ಷವಾಗಿದ್ದ ಕಾಂಗ್ರೆಸ್ಸಿನ ಕೈಸೇರಿದವು. ಗೆದ್ದವರು ಯಾರೇ ಇರಲಿ, ಅಧಿಕಾರ ಅವರದೇ ಆಯಿತು.

ರಾಜಕಾರಣಿಗಳು ಅಧಿಕಾರ ಹಿಡಿಯುವ ಕತೆಗಳನ್ನು ನಾವು ಬೇಕಾದಷ್ಟು ಓದಿದ್ದೇವೆ. ಕೈಯಲ್ಲಿದ್ದ ಅಧಿಕಾರವನ್ನು ಕಾಯಿದೆ ಮಾಡಿ ಬಿಟ್ಟುಕೊಟ್ಟ ಮಂತ್ರಿಯ ಕತೆ ಅಪರೂಪ. ವರ್ಗಾವಣೆ, ಗುತ್ತಿಗೆ, ಮಂಜೂರಾತಿ ಇವೇ ಶಾಸಕನ ಬಂಡವಾಳ. ಅದು ಕೆಳಗೆ ಹರಿದುಹೋಗುವುದನ್ನು ಯಾವ ಪಕ್ಷದ ಶಾಸಕನೂ ಮನಸಾರೆ ಒಪ್ಪಲಿಲ್ಲ.

ಫಲ ಏನು ಸಿಕ್ಕಿತು? ಈ ಪ್ರಯೋಗವನ್ನು ಅಭ್ಯಸಿಸಿದ ವಿದ್ವಾಂಸರು ಒಂದು ಸಣ್ಣ ಸಂಗತಿಯನ್ನು ಗುರುತಿಸಿದರು: ಹಳ್ಳಿಯ ಶಾಲೆಗೆ ಮೇಷ್ಟ್ರು, ಆರೋಗ್ಯ ಕೇಂದ್ರಕ್ಕೆ ಸಿಬ್ಬಂದಿ ಮೊದಲಿಗಿಂತ ಸರಿಯಾಗಿ ಬರತೊಡಗಿದರು. ಕೇಳುವವರು ಹತ್ತಿರ ಬಂದಿದ್ದರು, ಅಷ್ಟೇ. ಎಲ್ಲವೂ ಹಸನಾಯಿತು ಎಂದು ಹೇಳಿದರೆ ಅದು ಇತಿಹಾಸವಾಗುವುದಿಲ್ಲ. ಭೂಮಿಯುಳ್ಳ ಬಲಿಷ್ಠ ಜಾತಿಗಳೇ ಹೆಚ್ಚು ಕುರ್ಚಿ ಹಿಡಿದವು. ಅನೇಕ ಕಡೆ ಹೆಂಡತಿಯ ಹೆಸರಿನಲ್ಲಿ ಗಂಡ ಆಳಿದ. ಪ್ರಶ್ನೆಗಳಿಗೆ ಹೆದರಿ ಗ್ರಾಮಸಭೆಯನ್ನೇ ಕರೆಯದ ಪಂಚಾಯತಿಗಳಿದ್ದವು. ಹಾಗೆಯೇ ಕೊಳವೆ ಬಾವಿಯೂ ನಿರ್ದೋಷಿಯಲ್ಲ. ಕುಡಿಯುವ ನೀರಿಗೆಂದು ಬಂದ ರಿಗ್ಗಿನ ಹಿಂದೆಯೇ ತೋಟಗಳಿಗೆ ಕೊರೆಯುವ ರಿಗ್ಗುಗಳು ಬಂದವು, ನೀರು ಪಾತಾಳಕ್ಕಿಳಿಯಿತು. ಕೋಲಾರ, ಪಾವಗಡದ ಕಡೆ ಆಳದ ನೀರಿನ ಜೊತೆ ಫ್ಲೋರೈಡೂ ಬಂದು ಹಲ್ಲು, ಮೂಳೆಗಳನ್ನು ತಿಂದಿತು. 250 ಜನಕ್ಕೆ ಒಂದು ಎಂಬ ಹಂಚಿಕೆಯ ಲೆಕ್ಕವನ್ನು ಮರೆತು, ದುಡ್ಡಿದ್ದವನಿಗೆ ಎಷ್ಟಾದರೂ ಎಂದು ನಾವು ತಿರುಗಿಸಿದ್ದರಲ್ಲಿ ತಪ್ಪು ನಮ್ಮದು.

1988ರ ಅಕ್ಟೋಬರಿನಲ್ಲಿ ಕ್ಯಾನ್ಸರಿನಿಂದ ನಜೀರ್ ಸಾಬರು ತೀರಿಕೊಂಡರು. ಅವರು ಕಟ್ಟಿದ ಪಂಚಾಯತಿಗಳಿಗೆ ಆಗ ಎರಡು ವರ್ಷವೂ ತುಂಬಿರಲಿಲ್ಲ. 1992ರಲ್ಲಿ ಅವುಗಳ ಅವಧಿ ಮುಗಿದಾಗ ಸರಕಾರ ಚುನಾವಣೆ ನಡೆಸದೆ ಆಡಳಿತಾಧಿಕಾರಿಗಳನ್ನು ಕೂರಿಸಿತು. ಮರುವರ್ಷ 73ನೆಯ ತಿದ್ದುಪಡಿ ಜಾರಿಗೆ ಬಂದು ಇಡೀ ದೇಶಕ್ಕೆ ಪಂಚಾಯತಿಗಳು ಸಂವಿಧಾನಬದ್ಧವಾದವು. ಕರ್ನಾಟಕದ 1987ರ ಅನುಭವ ಆ ಚರ್ಚೆಯಲ್ಲಿ ಕಣ್ಣಮುಂದಿದ್ದ ಉದಾಹರಣೆ. ಮೈಸೂರಿನಲ್ಲಿ ಪಂಚಾಯತಿ ಸದಸ್ಯರಿಗೆ ತರಬೇತಿ ಕೊಡುವ ರಾಜ್ಯ ಗ್ರಾಮೀಣಾಭಿವೃದ್ಧಿ ಸಂಸ್ಥೆಗೆ ಅವರ ಹೆಸರಿಟ್ಟರು. ಆದರೆ ಹೆಸರಿಡುವುದು ಸುಲಭ. 2021ರಲ್ಲಿ ಜಿಲ್ಲಾ ಮತ್ತು ತಾಲ್ಲೂಕು ಪಂಚಾಯತಿಗಳ ಅವಧಿ ಮುಗಿದ ಮೇಲೆ, ಕ್ಷೇತ್ರ ವಿಂಗಡಣೆ ಮತ್ತು ಮೀಸಲಾತಿಯ ವ್ಯಾಜ್ಯಗಳ ನಡುವೆ ವರ್ಷಗಟ್ಟಲೆ ಚುನಾವಣೆಯೇ ಆಗಲಿಲ್ಲ. ಮತ್ತೆ ಅದೇ ಆಡಳಿತಾಧಿಕಾರಿಗಳು. ಬೀದಿಗಿಳಿದು ಪ್ರತಿಭಟಿಸಿದ ಶಾಸಕರು ಎಷ್ಟು ಮಂದಿ?

ಕೊನೆಗೊಂದು ಮಾತು. ಮುಸ್ಲಿಮ್ ರಾಜಕಾರಣಿ ಎಂದೊಡನೆ ನಮಗೆ ನೆನಪಾಗುವುದು ವಕ್ಫ್, ಖಬರಸ್ತಾನ, ಹಜ್. ಅವು ಬೇಡವೆಂದಲ್ಲ, ಆ ಕೆಲಸಗಳಿಗೂ ಜನ ಬೇಕು. ಆದರೆ ಸಮುದಾಯದ ಹೊರಗಿನವರೂ ಒಳಗಿನವರೂ ಕೂಡಿ ನಮ್ಮ ನಾಯಕರನ್ನು ಅಷ್ಟೇ ಬೇಲಿಯೊಳಗೆ ನಿಲ್ಲಿಸಿದ್ದೇವೆ. ನಜೀರ್ ಸಾಬರ ಹೆಸರು ಹಿಡಿದು "ಮುಸ್ಲಿಮರೆಂದರೆ ಹೀಗಿರಬೇಕು" ಎಂದು ಬೇರೆಯವರಿಗೆ ಪಾಠ ಹೇಳುವ ಅಭ್ಯಾಸವೂ ನನಗೆ ಹಿಡಿಸುವುದಿಲ್ಲ. ಅವರು ಯಾರಿಗೂ ಪರೀಕ್ಷೆ ಕೊಡಲು ಬಂದವರಲ್ಲ. ಬರಗಾಲದ ನಾಡಿನಲ್ಲಿ ಒಬ್ಬ ಮಂತ್ರಿ ಮಾಡಬೇಕಾದ ಕೆಲಸವನ್ನು ಮಾಡಿದರು. ಅವರು ತಂದ ನೀರನ್ನು ಕುಡಿದವರಲ್ಲಿ ನಮ್ಮ ಓಣಿಯವರೂ ಇದ್ದರು, ಊರಗೌಡರೂ ಇದ್ದರು, ಕೇರಿಯ ತಾಯಂದಿರೂ ಇದ್ದರು.

ನಮ್ಮ ಓಣಿಯ ಆ ಬೋರಿಂಗು ಈಗ ಒಣಗಿದೆ. ಹಿಡಿ ಕಳಚಿದ ಕಬ್ಬಿಣದ ಕಂಬ ಮಾತ್ರ ನಿಂತಿದೆ. ಅದನ್ನು ಕಿತ್ತು ಹಾಕಬೇಡಿ ಎಂದು ನನ್ನ ತಾಯಿ ಹೇಳುತ್ತಲೇ ಇರುತ್ತಾರೆ. ಕಾರಣ ಕೇಳಿದರೆ ನೀರಿನ ಮಾತೇ ಎತ್ತುವುದಿಲ್ಲ. "ಅವತ್ತು ನಾವು ಕೊಡ ಇಟ್ಟುಕೊಂಡು ಕೂತಾಗ ಪಂಚಾಯತಿಯವರು ಎದ್ದು ನಿಂತರಲ್ಲ" ಎನ್ನುತ್ತಾರೆ.