ಪಾರ್ಲಿಮೆಂಟಿನ ಜಾಲಂದರ

ಪರದೆಯೆಂಬುದು ಪೂರ್ವದೇಶಗಳದೇ ಸೊತ್ತೆಂದು ನಂಬುವವರು ಜೈನಬ್ ಹಾನುಂ ಎಂಬ ಹೆಸರಿನಲ್ಲಿ ಬರೆದ ತುರ್ಕಿ ಮುಸ್ಲಿಂ ಮಹಿಳೆಯ ಪತ್ರಗಳನ್ನು ನೋಡಬೇಕು. 1906ರಲ್ಲಿ, ಸುಲ್ತಾನ್ ಅಬ್ದುಲ್ ಹಮೀದನ ಕಾಲದಲ್ಲಿ, ತಂಗಿಯೊಡನೆ ಇಸ್ತಾಂಬುಲಿನಿಂದ ಗುಟ್ಟಾಗಿ ಯೂರೋಪಿಗೆ ಹೊರಟುಹೋದವಳು ಆಕೆ. ಅಲ್ಲಿಯ ಹೆಂಗಸರ ಸ್ವಾತಂತ್ರ್ಯದ ಮೇಲೆ ಬಲು ಆಸೆ. ಲಂಡನ್ನಿನಲ್ಲಿ ಪಾರ್ಲಿಮೆಂಟಿನ ಕೆಳಮನೆಯನ್ನು ನೋಡಹೋದರೆ, ಹೆಂಗಸರ ಗ್ಯಾಲರಿಯ ಮುಂದೆ ಲೋಹದ ಜಾಲಂದರ! ಒಳಗಿದ್ದವರು ಸದಸ್ಯರ ಕಣ್ಣಿಗೆ ಬೀಳದಂತೆ ಮಾಡಿದ ಏರ್ಪಾಡು. ಇದೂ ಒಂದು ಜನಾನವೇ ಎಂದು ಆಂಗ್ಲ ಗೆಳತಿಗೆ ಬರೆದಳು.

ಕುಹಕವೆಂದು ತಳ್ಳಿಹಾಕುವಂತಿಲ್ಲ. 1908ರಲ್ಲಿ ಮತದ ಹಕ್ಕು ಕೇಳಿದ ಇಬ್ಬರು ಹೆಂಗಸರು ಅದೇ ಜಾಲಂದರಕ್ಕೆ ಸರಪಳಿಯಿಂದ ತಮ್ಮನ್ನು ಬಿಗಿದುಕೊಂಡಿದ್ದರು. ಅವರನ್ನು ಹೊರಕ್ಕೊಯ್ಯಲು ಅದರ ತುಂಡನ್ನೇ ಕೀಳಬೇಕಾಯಿತು! ಜಾಲಂದರ ಪೂರ್ತಿ ಹೋದದ್ದು 1917ರಲ್ಲಿ. ಅಷ್ಟರೊಳಗೆ ತಂಗಿ ಯೂರೋಪಿನಲ್ಲೇ ಮದುವೆಯಾಗಿ ನಿಂತಿದ್ದಳು. ನಿರಾಶಳಾದ ಅಕ್ಕ 1912ರಲ್ಲೇ ತುರ್ಕಿಗೆ ಮರಳಿದ್ದಳು.