ಬಾಂದ್ರಾದಿಂದ ಒಂದು ಹಗಲು: ಪಾಳುಕೋಟೆ, ಬಿಸಿನೀರ ಕುಂಡ, ಕೊಕ್ಕೋ

ಮೆಕ್ಸಿಕೋ ದೇಶದ ಯುಕಟಾನ್ ಪ್ರಾಂತ್ಯದಲ್ಲಿ ಪ್ರವಾಸಿಗರಿಗಾಗಿ ಒಂದು ದಿನದ ಜನಪ್ರಿಯ ಕಾರ್ಯಕ್ರಮವಿದೆ. ಮೆರಿಡಾ ಪಟ್ಟಣದಿಂದ ಬೆಳಿಗ್ಗೆ ಹೊರಡುವ ವಾಹನವು ಉಶ್ಮಾಲ್ ಎಂಬಲ್ಲಿರುವ ಮಾಯಾ ಜನಾಂಗದ ಪಾಳುನಗರವನ್ನು ತೋರಿಸುತ್ತದೆ. ಅದರ ಸಮೀಪದಲ್ಲಿಯೇ ಇರುವ ಚಾಕಲೇಟ್ ಸಂಗ್ರಹಾಲಯದಲ್ಲಿ ಕೊಕ್ಕೋ ಬೀಜವನ್ನು ಹುರಿದು, ಅರೆದು, ಪಾನೀಯ ಮಾಡುವ ಹಳೆಯ ಕ್ರಮವನ್ನು ವಿವರಿಸುತ್ತಾರೆ. ಮರಳುವಾಗ ‘ಸೆನೋಟೆ’ ಎಂದು ಕರೆಯಲಾಗುವ ನೈಸರ್ಗಿಕ ಬಾವಿಯಲ್ಲಿ ಈಜು. ಮಕ್ಕಳು ಅಮೆರಿಕದಲ್ಲಿ ನೆಲೆಸಿರುವ ನಮ್ಮ ಓದುಗರಲ್ಲಿ ಕೆಲವರು ಇಂತಹ ಪ್ರವಾಸವನ್ನು ಮುಗಿಸಿ ಬಂದಿರಲೂಬಹುದು. ಇದೇ ಬಗೆಯ ಒಂದು ಹಗಲನ್ನು ಬಾಂದ್ರಾದಿಂದ ಹೊರಟು ರಾತ್ರಿಯೊಳಗೆ ಮನೆ ಸೇರುವಂತೆ ನಡೆಸಬಹುದೆಂಬುದನ್ನು ತಿಳಿಸುವುದು ಈ ಲೇಖನದ ಉದ್ದೇಶ. ವಸಾಯಿಯ ಕೋಟೆ, ವಜ್ರೇಶ್ವರಿ-ಗಣೇಶಪುರಿಯ ಬಿಸಿನೀರಿನ ಕುಂಡಗಳು ಮತ್ತು ನಮ್ಮ ಊರಿನ ಕೊಕ್ಕೋ ಈ ದಿನದ ಮೂರು ಭಾಗಗಳು. ಇವುಗಳಲ್ಲಿ ತುಳು-ಕನ್ನಡಿಗರಿಗೆ ಪರಕೀಯವೆನಿಸುವುದು ಬಹಳ ಕಡಿಮೆ.

ಮೊದಲು ಮಾಯಾ ನಾಡಿನ ಸಂಗತಿ. ಉತ್ತರ ಯುಕಟಾನಿನ ನೆಲ ಸುಣ್ಣಕಲ್ಲಿನದು. ಮಳೆನೀರು ಇಂಗಿಹೋಗುವುದರಿಂದ ಅಲ್ಲಿ ಹರಿಯುವ ನದಿಗಳೇ ಇಲ್ಲವೆನ್ನಬಹುದು. ನೆಲದ ಚಾವಣಿ ಕುಸಿದು ಅಡಿಯ ನೀರು ಬೆಳಕಿಗೆ ಬಂದ ಕಡೆ ಸೆನೋಟೆಗಳಾಗಿವೆ. ಪ್ರಸಿದ್ಧವಾದ ಚಿಚೆನ್ ಇಟ್ಜಾ ನಗರದ ಹೆಸರಿಗೆ ಇಟ್ಜಾ ಜನರ ಬಾವಿಯ ಬಾಯಿ ಎಂದೇ ಅರ್ಥ. ಅಂದರೆ ಈಗ ಪ್ರವಾಸಿಗಳು ಈಜುವ ನೀರು ಅಂದು ನಗರದ ಪ್ರಾಣವಾಗಿತ್ತು. ಕೊಕ್ಕೋ ಕೂಡ ಹಾಗೆಯೇ: ಅದು ಶ್ರೀಮಂತರ ಪಾನೀಯವಾಗಿತ್ತು, ಬೀಜವು ಹಣದಂತೆಯೂ ಚಲಾವಣೆಯಲ್ಲಿತ್ತು. ಮಾಯಾ ಕಾಲದ ಒಂದು ಚಿತ್ರಿತ ಪಾತ್ರೆಯ ಮೇಲೆ ಹೆಂಗಸೊಬ್ಬಳು ಪಾನೀಯವನ್ನು ಎತ್ತರದಿಂದ ಇನ್ನೊಂದು ಪಾತ್ರೆಗೆ ಹೊಯ್ದು ನೊರೆ ಬರಿಸುತ್ತಿರುವ ದೃಶ್ಯವಿದೆ. ಉಡುಪಿ ಹೋಟೆಲುಗಳಲ್ಲಿ ಕಾಫಿಯನ್ನು ಎತ್ತಿ ಹೊಯ್ಯುವುದನ್ನು ಕಂಡವರಿಗೆ ಇದನ್ನು ವಿವರಿಸಬೇಕಾಗಿಲ್ಲ. ಪಾಳುನಗರ, ನೀರು, ಕೊಕ್ಕೋ ಮೂರೂ ಒಂದೇ ಜನಜೀವನದ ತುಂಡುಗಳಾಗಿರುವುದರಿಂದಲೇ ಆ ಪ್ರವಾಸಕ್ಕೆ ಅರ್ಥವಿದೆ. ಮಾರ್ಗದರ್ಶಿಯು ಆ ಸಂಬಂಧವನ್ನು ಹೇಳದಿದ್ದರೆ ಅದು ಕೇವಲ ಮೂರು ನಿಲ್ದಾಣಗಳ ಬಸ್ಸು ಪ್ರಯಾಣ.

ನಮ್ಮ ಪ್ರವಾಸದ ಸಂಬಂಧಸೂತ್ರ 1739ನೆಯ ಇಸವಿ. ಅದರ ಒಂದು ತುದಿ ಬಾಂದ್ರಾದಲ್ಲಿಯೇ ಇದೆ. ಬ್ಯಾಂಡ್‌ಸ್ಟ್ಯಾಂಡಿನ ಕೊನೆಯಲ್ಲಿ ಸಮುದ್ರಕ್ಕೆ ಮುಖಮಾಡಿ ನಿಂತಿರುವ ಸಣ್ಣ ಪಾಳುಕೋಟೆಯನ್ನು ಪೋರ್ಚುಗೀಸರು 1640ರಲ್ಲಿ ಕಟ್ಟಿದರು. ಅದರ ಹೆಸರು ಕ್ಯಾಸ್ಟೆಲಾ ಡಿ ಅಗುವಾಡ. ಅಗುವಾಡ ಎಂದರೆ ಹಡಗುಗಳು ಸಿಹಿನೀರು ತುಂಬಿಕೊಳ್ಳುವ ತಾಣ. ಚಿಚೆನ್ ಇಟ್ಜಾದಂತೆ ನಮ್ಮ ಬಾಂದ್ರಾ ಕೋಟೆಗೂ ನೀರಿನಿಂದಲೇ ಹೆಸರು ಬಂದಿದೆ. ಮರಾಠರು ಈ ಭಾಗವನ್ನು ಆಕ್ರಮಿಸಿದಾಗ ಕೋಟೆ ಅವರ ಕೈಗೆ ಸಿಕ್ಕರೆ ಎದುರಿನ ಮುಂಬಯಿಗೆ ಅಪಾಯವೆಂದು ಭಾವಿಸಿದ ಇಂಗ್ಲಿಷರ ಸಲಹೆಯಂತೆ ಅದನ್ನು ಭಾಗಶಃ ಕೆಡವಲಾಯಿತು. ಬೆಳಗಿನ ವಾಯುಸೇವನೆಗೆ ಅಲ್ಲಿಗೆ ಹೋಗುವವರು ಕಾಣುವ ಗೋಡೆಗಳು ಆ ಕೆಡವಿಕೆಯಲ್ಲಿ ಉಳಿದವು.

ಇನ್ನೊಂದು ತುದಿ ವಸಾಯಿ. ಬಾಂದ್ರಾದಲ್ಲಿ ವಿರಾರ್ ಕಡೆಯ ಲೋಕಲ್ ಹತ್ತಿ ವಸಾಯಿ ರೋಡ್ ನಿಲ್ದಾಣದಲ್ಲಿಳಿದರೆ ಕೋಟೆಗೆ ರಿಕ್ಷಾ, ಬಸ್ಸುಗಳು ದೊರೆಯುತ್ತವೆ. ಆದರೆ ಮುಂದಿನ ಕುಂಡಗಳ ದಾರಿಯ ದೃಷ್ಟಿಯಿಂದ ಇಪ್ಪತ್ತು-ಮೂವತ್ತು ಜನ ಕೂಡಿ ಒಂದು ಬಸ್ಸು ಗೊತ್ತುಮಾಡಿಕೊಳ್ಳುವುದೇ ಅನುಕೂಲ. ಬೆಳಿಗ್ಗೆ ಆರೂವರೆಗೆ ಹೊರಟರೆ ಬಿಸಿಲೇರುವ ಮೊದಲೇ ಕೋಟೆಯನ್ನು ನೋಡಬಹುದು.

1534ರಲ್ಲಿ ಗುಜರಾತಿನ ಸುಲ್ತಾನ ಬಹಾದ್ದೂರ್ ಶಾಹನು ವಸಾಯಿಯನ್ನು ಪೋರ್ಚುಗೀಸರಿಗೆ ಬಿಟ್ಟುಕೊಟ್ಟನು. ಮುಂದೆ ಇನ್ನೂರು ವರ್ಷಗಳ ಕಾಲ ಗೋವೆಯ ಉತ್ತರದ ಅವರ ಪ್ರದೇಶಕ್ಕೆ ಇದೇ ಮುಖ್ಯಸ್ಥಾನವಾಗಿತ್ತು. ಇದನ್ನು ಕೋಟೆಯೆನ್ನುವುದಕ್ಕಿಂತ ಗೋಡೆ ಕಟ್ಟಿದ ಪಟ್ಟಣವೆನ್ನುವುದು ಸರಿ. ಒಳಗೆ ಡೊಮಿನಿಕನ್, ಫ್ರಾನ್ಸಿಸ್ಕನ್, ಜೆಸುಯಿಟ್ ಪಂಥಗಳ ಇಗರ್ಜಿಗಳ ಭಗ್ನಾವಶೇಷಗಳಿವೆ. ಚಾವಣಿಯಿಲ್ಲದ ಕಮಾನುಗಳ ಮೇಲೆ ಆಲದ ಬೇರುಗಳು ಇಳಿದಿವೆ. ನೆಲದಲ್ಲಿ ಪೋರ್ಚುಗೀಸ್ ಅಕ್ಷರಗಳ ಸಮಾಧಿಕಲ್ಲುಗಳು. ತುಳಿಯದೆ ದಾಟುವುದು ಶಿಷ್ಟಾಚಾರ. ಭಾರತದಲ್ಲಿ ಹುಟ್ಟಿ ಸಂತಪದವಿ ಪಡೆದವರಲ್ಲಿ ಮೊದಲಿಗನಾದ ಗೊನ್ಸಾಲೊ ಗಾರ್ಸಿಯಾ ಇದೇ ವಸಾಯಿಯವನು. ಆತ 1597ರಲ್ಲಿ ಜಪಾನಿನ ನಾಗಸಾಕಿಯಲ್ಲಿ ಶಿಲುಬೆಗೇರಿಸಲ್ಪಟ್ಟನು. 1862ರಲ್ಲಿ ಸಂತನೆಂದು ಘೋಷಿತನಾದನು.

ಪೇಶ್ವೆ ಒಂದನೆಯ ಬಾಜಿರಾಯನ ತಮ್ಮ ಚಿಮಾಜಿ ಅಪ್ಪನು 1739ರ ಮೇ ತಿಂಗಳಲ್ಲಿ, ಭಾರೀ ಪ್ರಾಣನಷ್ಟದ ಮುತ್ತಿಗೆಯ ನಂತರ, ಈ ಕೋಟೆಯನ್ನು ಗೆದ್ದನು. ಶರಣಾದವರಿಗೆ ತಮ್ಮ ಸಾಮಾನು ಸರಂಜಾಮುಗಳೊಂದಿಗೆ ಹೊರಟುಹೋಗಲು ಅವಕಾಶ ಕೊಟ್ಟುದು ಆ ಕಾಲಕ್ಕೆ ಗಮನಾರ್ಹವಾದ ನಡತೆ. ಇಗರ್ಜಿಯ ಗಂಟೆಗಳನ್ನು ಮಾತ್ರ ಗೆಲುವಿನ ಕುರುಹಾಗಿ ಒಯ್ಯಲಾಯಿತು. ನಾಸಿಕದ ನಾರೋಶಂಕರ ದೇವಾಲಯದಲ್ಲಿ ತೂಗುತ್ತಿರುವ ದೊಡ್ಡ ಗಂಟೆ ಅವುಗಳಲ್ಲಿ ಒಂದೆಂದು ಪ್ರಸಿದ್ಧ. ಕೋಟೆಯೊಳಗೆ ಚಿಮಾಜಿಯ ಪ್ರತಿಮೆಯೂ ನಾಗೇಶ್ವರ ಮತ್ತು ವಜ್ರೇಶ್ವರಿಯ ಗುಡಿಗಳೂ ಇವೆ.

ಆ ವಜ್ರೇಶ್ವರಿಯ ಹೆಸರೇ ನಮ್ಮನ್ನು ಮುಂದಿನ ಊರಿಗೆ ಕರೆದೊಯ್ಯುತ್ತದೆ. ವಸಾಯಿ ಕೈವಶವಾದರೆ ದೇವಿಗೆ ಗುಡಿ ಕಟ್ಟಿಸುವೆನೆಂದು ಚಿಮಾಜಿ ಹರಕೆ ಹೊತ್ತನೆಂದೂ ಅದರಂತೆ ತಾನಸಾ ನದಿಯ ದಡದಲ್ಲಿ ವಜ್ರೇಶ್ವರಿಯ ದೇವಾಲಯ ಎದ್ದಿತೆಂದೂ ಪ್ರತೀತಿ. ದೇವಾಲಯವು ಎತ್ತರದಲ್ಲಿ, ಕೋಟೆಯಂತಹ ಗೋಡೆಯೊಳಗೆ ಇರುವುದನ್ನು ಕಂಡಾಗ ಕಟ್ಟಿಸಿದವರು ಯೋಧರೆಂಬುದು ತಾನಾಗಿಯೇ ತಿಳಿಯುತ್ತದೆ. ವಸಾಯಿಯಿಂದ ಹೆದ್ದಾರಿ ಸೇರಿ, ಶಿರಸಾಡದಲ್ಲಿ ಬಲಕ್ಕೆ ತಿರುಗಿ ಅಂಬಾಡಿ ರಸ್ತೆಯಲ್ಲಿ ಸಾಗಿದರೆ ಊಟದ ಹೊತ್ತಿಗೆ ಅಲ್ಲಿಗೆ ತಲುಪಬಹುದು.

ವಜ್ರೇಶ್ವರಿ, ಅಕಲೋಲಿ, ಗಣೇಶಪುರಿ, ಈ ಮೂರೂ ಕಡೆ ಕೆಲವೇ ಕಿಲೋಮೀಟರುಗಳ ಅಂತರದಲ್ಲಿ ನೆಲದಿಂದ ಬಿಸಿನೀರು ಚಿಮ್ಮುತ್ತದೆ. ಸುತ್ತ ಕಲ್ಲು ಕಟ್ಟಿ ಕುಂಡಗಳನ್ನು ಮಾಡಿದ್ದಾರೆ. ಇಲ್ಲಿ ಜ್ವಾಲಾಮುಖಿಯೇನೂ ಇಲ್ಲ. ಮಳೆನೀರು ಬಿರುಕುಗಳಲ್ಲಿ ಬಹಳ ಆಳಕ್ಕಿಳಿದು, ಭೂಮಿಯ ಒಡಲ ಶಾಖದಿಂದ ಕಾದು, ಮತ್ತೆ ಬಿರುಕುಗಳಲ್ಲಿಯೇ ಮೇಲೇರುತ್ತದೆ. ಪಾಲಘರ ಜಿಲ್ಲೆಯಿಂದ ದಕ್ಷಿಣಕ್ಕೆ ರಾಜಾಪುರದವರೆಗೆ ಕೊಂಕಣದ ಉದ್ದಕ್ಕೂ ಇಂತಹ ಬುಗ್ಗೆಗಳ ಸಾಲೇ ಇದೆ. ನೀರು ಹಾದುಬರುವ ಕಪ್ಪು ಶಿಲೆಯು ದಖ್ಖನ್ನಿನ ಲಾವಾ. ಅದು ಹರಿದು ಹೆಪ್ಪುಗಟ್ಟಿದ್ದು ಸುಮಾರು 6.6 ಕೋಟಿ ವರ್ಷಗಳ ಹಿಂದೆ. ಯುಕಟಾನಿನ ಚಿಕ್ಶುಲುಬ್ ಎಂಬಲ್ಲಿ ಭಾರೀ ಕ್ಷುದ್ರಗ್ರಹ ಬಂದು ಬಡಿದದ್ದೂ ಅದೇ ಕಾಲದಲ್ಲಿ. ಅಲ್ಲಿನ ಅನೇಕ ಸೆನೋಟೆಗಳು ಆ ಹೊಡೆತದ ಕುಳಿಯ ಅಂಚನ್ನೇ ಅನುಸರಿಸಿ ಸಾಲುಗಟ್ಟಿವೆ. ಡೈನೋಸಾರ್‌ಗಳ ಅಳಿವಿಗೆ ಕಾರಣ ಅಲ್ಲಿನ ಹೊಡೆತವೋ, ಇಲ್ಲಿನ ಲಾವಾವೋ ಎಂದು ವಿಜ್ಞಾನಿಗಳು ದಶಕಗಳ ಕಾಲ ವಾದಿಸಿದ್ದಾರೆ. ಮಕ್ಕಳೊಂದಿಗೆ ಹೋದವರು ಕುಂಡದ ಬದಿಯಲ್ಲಿ ಇದನ್ನು ಹೇಳಿದರೆ ಬಿಸಿನೀರಿನ ಮೇಲಿನ ಗೌರವ ಇಮ್ಮಡಿಯಾಗುವುದರಲ್ಲಿ ಸಂದೇಹವಿಲ್ಲ.

ಗಣೇಶಪುರಿಯು ಮುಂಬಯಿ ಕನ್ನಡಿಗರಿಗೆ ಹೊಸದಲ್ಲ. ಕಾಸರಗೋಡು ಸೀಮೆಯ ಕಾಞಂಗಾಡಿನಲ್ಲಿ ಮತ್ತು ಮಂಗಳೂರಿನಲ್ಲಿ ಪ್ರಸಿದ್ಧರಾಗಿದ್ದ ಅವಧೂತ ನಿತ್ಯಾನಂದರು 1930ರ ದಶಕದಲ್ಲಿ ಈ ಕಡೆಗೆ ಬಂದು ನೆಲೆಸಿದರು. 1961ರ ಆಗಸ್ಟ್ 8ರಂದು ಇಲ್ಲಿಯೇ ಸಮಾಧಿಸ್ಥರಾದರು. ಮಂಗಳೂರಿನಲ್ಲಿ ಅವರಾಡಿದ ಮಾತುಗಳನ್ನು ತುಳಸಿಯಮ್ಮನವರು ಬರೆದಿಟ್ಟುದೇ ‘ಚಿದಾಕಾಶ ಗೀತೆ’; ಅದರ ಮೂಲ ಕನ್ನಡ. ಹೋಟೆಲು ಕೆಲಸಕ್ಕೆಂದು ಮುಂಬಯಿಗೆ ಬಂದ ನಮ್ಮ ಹಿರಿಯರಲ್ಲಿ ಎಷ್ಟೋ ಮಂದಿ ರಜೆಯ ದಿನ ಇಲ್ಲಿಗೆ ಬಂದು, ಕುಂಡದಲ್ಲಿ ಮಿಂದು, ದರ್ಶನ ಪಡೆದು ಮರಳುತ್ತಿದ್ದರು. ಅವರ ಮೊಮ್ಮಕ್ಕಳಿಗೆ ಈ ದಾರಿ ತಿಳಿಯದಿದ್ದರೆ ಅದು ಮೊಮ್ಮಕ್ಕಳ ತಪ್ಪೆಂದು ನಾವು ಭಾವಿಸುವುದಿಲ್ಲ.

ಸ್ನಾನದ ವಿಷಯದಲ್ಲಿ ಕೆಲವು ಮಾತುಗಳನ್ನು ಸ್ಪಷ್ಟವಾಗಿ ಹೇಳಬೇಕಾಗಿದೆ. ಕುಂಡಗಳು ಈಜುಕೊಳಗಳಲ್ಲ, ಮುಳುಗಿ ಕೂರುವ ತೊಟ್ಟಿಗಳು. ಒಂದೊಂದರ ಬಿಸಿಯೂ ಬೇರೆ ಬೇರೆ. ಕೆಲವು ಕೈಯಿಟ್ಟರೆ ಹಿಂದೆಗೆಯುವಷ್ಟು ಸುಡುತ್ತವೆ. ಮೊದಲು ತಂಬಿಗೆಯಿಂದ ಕಾಲಿಗೆ ಹೊಯ್ದುಕೊಂಡು ನೋಡಿ ನಂತರ ಇಳಿಯಬೇಕು, ಹತ್ತು ನಿಮಿಷಕ್ಕಿಂತ ಹೆಚ್ಚು ಕೂರಬಾರದು. ಹೃದ್ರೋಗ, ರಕ್ತದೊತ್ತಡ ಇರುವವರು, ಗರ್ಭಿಣಿಯರು ಕಾಲು ನೆನೆಸುವುದಕ್ಕೇ ತೃಪ್ತರಾಗುವುದು ಒಳ್ಳೆಯದು. ಮಧುಮೇಹಿಗಳಿಗೆ ಪಾದದಲ್ಲಿ ಸ್ಪರ್ಶ ಕಡಿಮೆಯಾಗಿದ್ದರೆ ಸುಟ್ಟದ್ದು ಕೂಡಲೇ ತಿಳಿಯದು, ಆದ್ದರಿಂದ ಅವರು ನೀರಿನ ಬಿಸಿಯನ್ನು ಬೇರೊಬ್ಬರಿಂದ ಪರೀಕ್ಷಿಸಿಕೊಳ್ಳಬೇಕು. ಚರ್ಮರೋಗಗಳಿಗೆ ಈ ನೀರು ಮದ್ದೆಂಬ ನಂಬಿಕೆ ಹಳೆಯದು. ಅದೇ ಕಾರಣಕ್ಕೆ, ತೆರೆದ ಗಾಯವಿರುವವರು ಇತರರ ಬಗ್ಗೆ ಯೋಚಿಸಿ ಇಳಿಯದಿರುವುದು ಲೇಸು.

ಈಜುವ ಆಸೆಯವರ ಕಣ್ಣು ಪಕ್ಕದ ತಾನಸಾ ನದಿಯ ಮೇಲೆ ಬೀಳುವುದು ಸಹಜ. ಮೇಲ್ಭಾಗದಲ್ಲಿ, ಮುಂಬಯಿಗೆ 1892ರಿಂದ ಕುಡಿಯುವ ನೀರು ಕೊಡುತ್ತಿರುವ ತಾನಸಾ ಅಣೆಕಟ್ಟು ಇದೆ. ಮಳೆಗಾಲದಲ್ಲಿ ಅದು ತುಂಬಿ ಹರಿದಾಗ ಇಲ್ಲಿ ನೀರು ಹಠಾತ್ತನೆ ಏರಬಹುದು. ಜೂನ್‌ನಿಂದ ಅಕ್ಟೋಬರ್‌ವರೆಗೆ ನದಿಗೆ ಇಳಿಯಲೇಬಾರದು. ಚಳಿಗಾಲದಲ್ಲಿಯೂ ಸ್ಥಳೀಯರು ತೋರಿಸಿದ ಕಡೆ, ಮೊಣಕಾಲುದ್ದದ ನೀರಿಗಿಂತ ಮುಂದೆ ಹೋಗದಿದ್ದರೆ ಒಳಿತು. ತಂಡದ ಮುಖಂಡರು ಈ ವಿಷಯದಲ್ಲಿ ದಾಕ್ಷಿಣ್ಯ ತೋರಬಾರದು.

ಇನ್ನು ಕೊಕ್ಕೋ. ಬಸ್ಸು ಅಂಬಾಡಿ, ಭಿವಂಡಿಯ ಮೂಲಕ ಥಾಣೆಗೆ ಬರುವಾಗ ‘ಕ್ಯಾಡ್ಬರಿ ಜಂಕ್ಷನ್’ ಎಂಬ ಹೆಸರನ್ನು ಎಲ್ಲರೂ ಓದುತ್ತಾರೆ. 1948ರಲ್ಲಿ ಭಾರತದಲ್ಲಿ ವ್ಯಾಪಾರ ಆರಂಭಿಸಿದ ಆ ಕಂಪೆನಿಯ ಥಾಣೆಯ ಕಾರ್ಖಾನೆಯಿಂದ ಬಂದ ಹೆಸರು ಅದು. ಅಲ್ಲಿ ಇಳಿದು ನೋಡುವಂತಹದೇನೂ ಇಲ್ಲ, ಆದರೆ ಕಥೆ ಹೇಳಲು ಇದಕ್ಕಿಂತ ತಕ್ಕ ಸ್ಥಳವಿಲ್ಲ. 1960ರ ದಶಕದಿಂದೀಚೆಗೆ ಕಂಪೆನಿಗಳ ಪ್ರೋತ್ಸಾಹದಿಂದ ಕೇರಳದಲ್ಲಿಯೂ ದಕ್ಷಿಣ ಕನ್ನಡದಲ್ಲಿಯೂ ರೈತರು ಅಡಿಕೆ, ತೆಂಗಿನ ತೋಟಗಳ ನೆರಳಿನಲ್ಲಿ ಕೊಕ್ಕೋ ಬೆಳೆಸತೊಡಗಿದರು. 1980ರ ಹೊತ್ತಿಗೆ ಬೆಲೆ ಕುಸಿದು, ಖಾಸಗಿ ಖರೀದಿದಾರರು ಹಿಂದೆ ಸರಿದರು. ಕೊಯ್ದ ಹಸಿಬೀಜವನ್ನು ಮನೆಯಲ್ಲಿ ಕೂಡಿಡುವಂತಿಲ್ಲ. ಒಂದೆರಡು ದಿನಗಳಲ್ಲಿಯೇ ಹುಳಿಯಲು ಹಾಕದಿದ್ದರೆ ಕೆಡುತ್ತದೆ. ಎಷ್ಟೋ ಮಂದಿ ಮರಗಳನ್ನೇ ಕಡಿದರು. ಆಗ ಖರೀದಿಗೆ ಮುಂದಾದುದು 1973ರಲ್ಲಿ ವಾರಣಾಸಿ ಸುಬ್ರಾಯ ಭಟ್ಟರ ನೇತೃತ್ವದಲ್ಲಿ ಅಡಿಕೆ ಬೆಳೆಗಾರರು ಕಟ್ಟಿಕೊಂಡ ಕ್ಯಾಂಪ್ಕೋ ಸಹಕಾರಿ ಸಂಸ್ಥೆ. ಕೊಂಡ ಬೀಜವನ್ನು ಪರರಿಗೆ ಮಾರುತ್ತ ಕೂರುವುದಕ್ಕಿಂತ ತಾವೇ ಚಾಕಲೇಟು ಮಾಡೋಣವೆಂದು 1986ರಲ್ಲಿ ಪುತ್ತೂರಿನಲ್ಲಿ ಕಾರ್ಖಾನೆಯನ್ನೇ ತೆರೆದರು. ರೈತರ ಸಹಕಾರಿಯೊಂದು ಇಷ್ಟು ದೊಡ್ಡ ಚಾಕಲೇಟು ಕಾರ್ಖಾನೆಯನ್ನು ನಡೆಸುವುದು ಕೊಕ್ಕೋ ಬೆಳೆಯುವ ದೇಶಗಳಲ್ಲಿ ಅಪರೂಪ. ಹೆಚ್ಚಿನ ಕಡೆ ಬೀಜ ಹಡಗು ಹತ್ತುತ್ತದೆ, ಬೆಳೆದವನು ಚಾಕಲೇಟಿನ ರುಚಿಯನ್ನೇ ನೋಡಿರುವುದಿಲ್ಲ.

ಆದ್ದರಿಂದ ನಮ್ಮ ಸೂಚನೆ ಇಷ್ಟು: ಪ್ರವಾಸದ ವಾರದಲ್ಲಿ ಊರಿನಿಂದ ಬರುವವರ ಕೈಯಲ್ಲಿ ನಾಲ್ಕಾರು ಹಣ್ಣಾದ ಕೊಕ್ಕೋ ಕಾಯಿಗಳನ್ನು ತರಿಸಿಕೊಳ್ಳಿರಿ. ಒಡೆದರೆ ಒಳಗೆ ಬಿಳಿಯ ಲೋಳೆ ಹೊದ್ದ ಬೀಜಗಳಿರುತ್ತವೆ. ಲೋಳೆಯನ್ನು ಚೀಪಿದರೆ ಸಿಹಿ-ಹುಳಿ, ಬೀಜವನ್ನು ಕಚ್ಚಿದರೆ ಕಹಿ. ಐದಾರು ದಿನ ಹುಳಿಸಿ, ಒಣಗಿಸಿ, ಹುರಿದ ಮೇಲಷ್ಟೇ ಚಾಕಲೇಟಿನ ಪರಿಮಳ ಬರುತ್ತದೆ. ಹಸಿಬೀಜ, ಹುರಿದ ಬೀಜ, ಕೊನೆಗೆ ಚಾಕಲೇಟಿನ ತುಂಡು, ಈ ಕ್ರಮದಲ್ಲಿ ಬಸ್ಸಿನಲ್ಲಿಯೇ ಹಂಚಿದರೆ ಉಶ್ಮಾಲ್‌ನ ಸಂಗ್ರಹಾಲಯಕ್ಕೆ ಹೋದಷ್ಟೇ ಪ್ರಯೋಜನ. ಮೇ ತಿಂಗಳಲ್ಲಿ ಊರಿಗೆ ಹೋಗುವವರು ಪುತ್ತೂರಿನ ಬಳಿ ಇರ್ದೆಯ ಬೆಂದ್ರ್ ತೀರ್ಥವನ್ನೂ ನೋಡಬಹುದು. ತುಳುವಿನಲ್ಲಿ ಬೆಂದ್ರ್ ಎಂದರೆ ಬಿಸಿನೀರು, ಅದೂ ನೆಲದಿಂದ ತಾನಾಗಿ ಬರುವಂಥದು.

ಪ್ರವಾಸಕ್ಕೆ ನವೆಂಬರ್‌ನಿಂದ ಫೆಬ್ರವರಿಯವರೆಗಿನ ಅವಧಿ ಉತ್ತಮ. ಗುರುಪೂರ್ಣಿಮೆ ಹಾಗೂ ನವರಾತ್ರಿಯ ದಿನಗಳಲ್ಲಿ ಜನಸಂದಣಿ ವಿಪರೀತವಾಗಿರುವುದರಿಂದ ಬಿಡುವುದು ಲೇಸು. ಕೋಟೆಯೊಳಗೆ ನೆರಳು ಕಡಿಮೆ. ನೀರು, ಟೊಪ್ಪಿಗೆ, ಗಟ್ಟಿ ಅಡಿಯ ಪಾದರಕ್ಷೆ ಅಗತ್ಯ. ಶಿಥಿಲವಾದ ಗೋಪುರದ ಮೆಟ್ಟಿಲುಗಳನ್ನು ಏರಬಾರದು. ಸ್ನಾನಕ್ಕೆ ಬದಲಿ ಬಟ್ಟೆಯೊಂದಿಗೆ ಒಂದು ತಂಬಿಗೆಯನ್ನೂ ಇಟ್ಟುಕೊಳ್ಳಿರಿ. ಚಾಕಲೇಟನ್ನು ಮಾತ್ರ ತಣ್ಣನೆಯ ಡಬ್ಬದಲ್ಲಿಡಬೇಕು. ಬಿಸಿಲಲ್ಲಿ ನಿಂತ ಬಸ್ಸಿನಲ್ಲಿ ಅದು ಸಂಜೆಯವರೆಗೆ ಉಳಿಯುವುದಿಲ್ಲ.